ಹುಲಿಗೆವ್ವ ಜಾಡಿಸಿದ ಉಡಿ

ಲೋಕದ ಮಣ್ಣು ಇನ್ನೂ ಹಸಿಯಾಗಿತ್ತು. ಹೊಳೆಗಳಿಗೆ ಯಾವ ಕಡೆ ಹರಿಯಬೇಕೆಂದು ತಿಳಿದಿರಲಿಲ್ಲ, ದಾರಿಯಲ್ಲಿ ಸಿಕ್ಕ ಕಲ್ಲುಗಳನ್ನೆಲ್ಲ ಕೇಳುತ್ತ ಹೋಗುತ್ತಿದ್ದವು. ಆಗ ಆಕಾಶದಲ್ಲಿ ಒಂದು ಚುಕ್ಕಿಯೂ ಇರಲಿಲ್ಲ. ಅದೊಂದು ಕಪ್ಪು ಎರೆಹೊಲ. ಉತ್ತು ಹಾಗೇ ಬಿಟ್ಟಿದ್ದ ಹೊಲ.

ಆ ಹೊಲ ನನ್ನದು ಎಂದು ಚಂದ್ರ ಹೇಳಿದ. ನಿನಗೆ ಯಾರು ಕೊಟ್ಟರು ಎಂದು ಒಬ್ಬರೂ ಕೇಳಲಿಲ್ಲ. ಕೇಳಬೇಕಿತ್ತು. ಕೇಳದೆ ಇದ್ದುದರಿಂದ ಅವನು ಧಣಿಯಾದ.

ಬಿತ್ತಲು ಬಂದವಳು ಹುಲಿಗೆವ್ವ. ಅವಳ ಕೈ ಬಿತ್ತನೆಗೆಂದೇ ಹುಟ್ಟಿದ ಕೈ. ಗಾಳಿ ಮುಂದೆ ಕೂರಿಗೆ ಎಳೆಯುತ್ತಿತ್ತು. ಅವಳು ಹಿಂದೆ ನಡೆಯುತ್ತ, ಸೀರೆಯ ಉಡಿಯಿಂದ ಚುಕ್ಕಿ ಬೀಜ ತೆಗೆದು, ಕೂರಿಗೆಯ ಬಟ್ಟಲಿಗೆ ಬೆರಳಸಂದಿಯಿಂದ ಸುರಿಯುತ್ತಿದ್ದಳು. ಬಟ್ಟಲಿನಿಂದ ಮೂರು ಬಿದಿರು ಕೊಳವೆಗಳಲ್ಲಿ ಬೀಜ ಇಳಿದು ಸಾಲಿಗೆ ಬೀಳುತ್ತಿತ್ತು. ಕೈ ನಿಲ್ಲಬಾರದು. ನಿಂತರೆ ಬೀಜ ಒಂದು ಕಡೆ ಗುಂಪಾಗಿ ಬೀಳುತ್ತದೆ, ಇನ್ನೊಂದು ಕಡೆ ಸಾಲು ಬರಿದಾಗುತ್ತದೆ.

"ನೆಟ್ಟಗೆ ಬಿತ್ತು. ಕೊನೆಯ ಸಾಲಿಗೆ ನಿನ್ನ ಹೆಸರಿಡುತ್ತೇನೆ" ಎಂದು ಚಂದ್ರ ಮಾತು ಕೊಟ್ಟಿದ್ದ.

ಹುಲಿಗೆವ್ವ ಬೇರೇನೂ ಕೇಳಿರಲಿಲ್ಲ. ಆಕಾಶದಲ್ಲಿ ತನ್ನ ಹೆಸರಿನ ಒಂದು ಸಾಲು. ಅದನ್ನು ನೆನೆಸಿಕೊಂಡೇ ಅವಳು ಬಿತ್ತುತ್ತಿದ್ದಳು.

ಬಿತ್ತನೆ ಶುರುವಾದಾಗ ಚಂದ್ರ ತುಂಬಿಕೊಂಡು ದುಂಡಗಿದ್ದ. ದಿನ ಕಳೆದ ಹಾಗೆ ಅವನ ಒಂದು ಮಗ್ಗುಲು ಸವೆಯಿತು. ಅವನು ಹೊಳೆಯ ನೀರಿನಲ್ಲಿ ಮುಖ ನೋಡಿಕೊಂಡ.

"ನಾನು ಯಾಕೆ ಕರಗುತ್ತಿದ್ದೇನೆ?"

"ನನಗೇನು ಗೊತ್ತು? ನಾನು ತೋರಿಸುತ್ತೇನೆ ಅಷ್ಟೇ" ಎಂದಿತು ಹೊಳೆ.

ಪಕ್ಕದ ಮರದ ಪೊಟರೆಯಲ್ಲಿ ಗೂಗೆ ಇತ್ತು. ಧಣಿಯ ಪೊಟರೆ, ಧಣಿಯ ಗೂಗೆ. ಅದು ಕತ್ತು ಹೊರಳಿಸಿ ಹೇಳಿತು: "ಧಣ್ಯಾರ, ನೀವು ಸಣ್ಣಗಾಗಾಕ ಹತ್ತೀರಿ. ಆಕಿ ಉಡಿ ಮಾತ್ರ ದಪ್ಪ ಕಾಣ್ತೈತಿ."

ಅಷ್ಟು ಸಾಕಾಯಿತು.

ಮರುದಿನ ಹುಲಿಗೆವ್ವ ಬಿತ್ತುವಾಗ ಬೆನ್ನ ಮೇಲೆ ಕಣ್ಣು ನೆಟ್ಟ ಹಾಗಾಯಿತು. ತಿರುಗಿ ನೋಡಿದರೆ ಮೋಡದ ಸಂದಿಯಲ್ಲಿ ಚಂದ್ರನ ಅಂಚು. ಅವಳು ಮುಂದೆ ನಡೆದಳು. ಕಣ್ಣೂ ಹಿಂದೆಯೇ ಬಂತು.

"ನಿಲ್ಲು! ಮುಷ್ಟಿ ಬಿಚ್ಚು" ಎಂದ ಚಂದ್ರ.

"ಬೀಜ ಐತ್ರಿ. ಮುಷ್ಟ್ಯಾಗ ಮತ್ತೇನಿರ್ತೈತಿ?"

"ಬಿಚ್ಚು ಅಂದೆ."

ಅವಳು ಬಿಚ್ಚಿದಳು. ಹಿಡಿಯಷ್ಟೂ ಬೀಜ ಒಂದೇ ಕಡೆ ಬಿತ್ತು. ಒಂದಕ್ಕೊಂದು ಒತ್ತಿಕೊಂಡು ನಡುಗುವ ಆ ಚಿಕ್ಕ ಗುಂಪನ್ನೇ ಈಗ ಕೃತ್ತಿಕೆ ಅನ್ನುತ್ತಾರೆ. ಕೈ ನಿಂತಿದ್ದರಿಂದ ಅದರ ಮುಂದಿನ ಸಾಲು ಬರಿದಾಯಿತು.

ಚಂದ್ರ ಬರಿದಾದ ಜಾಗವನ್ನೇ ನೋಡಿದ. "ಇಲ್ಲಿಯ ಬೀಜ ಎಲ್ಲಿ ಹೋಯಿತು?"

"ನೀವು ನಿಲ್ಲಿಸಿದ್ರಿ, ಅದಕ್ಕ ಅಲ್ಲೇ ಬಿತ್ತು!"

"ನಾನು ನಿಲ್ಲಿಸಿದೆನೋ? ನನ್ನ ಮೇಲೇ ಹಾಕುತ್ತೀಯಾ?"

ಅಂದಿನಿಂದ ಅವನು ಹೆಜ್ಜೆಹೆಜ್ಜೆಗೂ ನಿಲ್ಲಿಸಿದ. ನಿಲ್ಲಿಸಿದಲ್ಲೆಲ್ಲ ಗುಂಪು, ಗುಂಪಿನ ಮುಂದೆ ಬರಿದು. ಬರಿದು ಕಂಡಷ್ಟೂ ಅವನ ಅನುಮಾನ ಬೆಳೆಯಿತು. ಅವನು ಮಾತ್ರ ಸವೆಯುತ್ತಲೇ ಹೋದ.

ಅನುಮಾನ ಅವನಲ್ಲೇ ನಿಲ್ಲಲಿಲ್ಲ. ಗಾಳಿಗೂ ತಗುಲಿತು. ಒಂದು ಸಂಜೆ ಅದು ಕೂರಿಗೆ ಇಳಿಸಿ ಮೆಲ್ಲಗೆ ಕೇಳಿತು: "ಯಕ್ಕಾ, ಖರೇ ಹೇಳು. ಒಂದೆರಡಾದ್ರೂ ಇಟ್ಕೊಂಡಿ ಏನು?"

ಹುಲಿಗೆವ್ವ ಅದರ ಮುಖವನ್ನೇ ನೋಡಿದಳು. ಅದಕ್ಕೆ ಮುಖವಿಲ್ಲ, ಆದರೂ ನೋಡಿದಳು. "ದಿನಾ ನನ್ನ ಮುಂದ ನಡಿಯಾಂವ ನೀ. ಬೀಳೂ ಸಪ್ಪಳ ಕೇಳಾಂವ ನೀ. ನೀನೂ ಕೇಳ್ತೀ?"

ಆಮೇಲೆ ಅವಳಿಗೂ ಗಾಳಿಯ ಮೇಲೆ ನಂಬಿಕೆ ಉಳಿಯಲಿಲ್ಲ. ಧಣಿಗೆ ಚಾಡಿ ಹೇಳಿದ್ದು ಇದೇ ಇರಬಹುದೇ? ಉಡಿಗೆ ಗಂಟು ಹಾಕಿಕೊಂಡೇ ಮಲಗಿದಳು. ಧಣಿಗೆ ಬೇಕಾಗಿದ್ದೂ ಅದೇ. ದುಡಿಯುವ ಇಬ್ಬರು ಅನುಮಾನದಿಂದ ಒಬ್ಬರನ್ನೊಬ್ಬರು ಕಾಯುತ್ತಿದ್ದರೆ ಧಣಿಯನ್ನು ಯಾರೂ ಕಾಯುವುದಿಲ್ಲ.

ಕೊನೆಯ ಸಾಲಿನ ದಿನ ಬಂತು. ಹುಲಿಗೆವ್ವನ ಹೆಸರಿನ ಸಾಲು. ಚಂದ್ರ ಉಗುರಿನ ಚೂರಿನಷ್ಟೇ ಉಳಿದಿದ್ದ, ಸಿಟ್ಟು ಮಾತ್ರ ಒಂದಿಷ್ಟೂ ಸವೆದಿರಲಿಲ್ಲ.

"ಉಡಿ ಜಾಡಿಸು" ಎಂದ.

ಹೊಳೆಗಳು ಹರಿಯುವುದನ್ನು ನಿಲ್ಲಿಸಿದವು. ಹೆಣ್ಣುಮಗಳ ಉಡಿ ತುಂಬುತ್ತಾರೆ. ಯಾರೂ ಜಾಡಿಸು ಅನ್ನುವುದಿಲ್ಲ.

"ಧಣ್ಯಾರ," ಎಂದಳು ಹುಲಿಗೆವ್ವ, "ನೀವು ಸವೆದ್ರ ನನ್ನ ಯಾಕ ಕೇಳ್ತೀರಿ? ಆ ಬೆಳಕು ನಿಮ್ಮದೇನು? ಸೂರ್ಯಪ್ಪನದು. ಈ ಬೀಜಾನೂ ಅವನ ಕಣಜದ್ದು. ನಿಮ್ಮದು ಅನ್ನೂದು ಇಲ್ಲಿ ಏನೈತಿ, ತೋರಸ್ರಿ."

"ನಾಲಿಗೆ ಉದ್ದವಾಯಿತು. ಜಾಡಿಸು!"

ಅವಳು ಗಾಳಿಯ ಕಡೆ ತಿರುಗಿದಳು. "ನೀ ಕಂಡೀದಿ. ಹೇಳು."

ಗಾಳಿ ಕಂಡಿತ್ತು. ಒಂದು ಬೀಜವೂ ಸಾಲು ಬಿಟ್ಟು ಹೋಗಿಲ್ಲವೆಂದು ಅದಕ್ಕೆ ಗೊತ್ತಿತ್ತು. ಆದರೆ ಅದು ಕೂರಿಗೆಯ ನೊಗ ನೋಡುತ್ತ ನಿಂತಿತು. ಒಂದು ಎಲೆಯೂ ಅಲುಗಲಿಲ್ಲ.

ಹುಲಿಗೆವ್ವ ಗಂಟು ಬಿಚ್ಚಿ ಉಡಿ ಜಾಡಿಸಿದಳು.

ಉಡಿಯ ತಳದಲ್ಲಿ ಕೊನೆಯ ಸಾಲಿಗೆಂದು ಉಳಿದಿದ್ದದ್ದು ಸಣ್ಣ ಬೀಜ. ರಾಗಿಗಿಂತ ಸಣ್ಣದು. ಅದೆಲ್ಲ ಒಂದೇ ಕಡೆ ಬಿದ್ದು, ಹಿಟ್ಟು ಚೆಲ್ಲಿದಂತೆ ಮಬ್ಬಾಗಿ ಕಂಡಿತು.

"ಬರೀ ಧೂಳು. ಕಾಳು ಎಲ್ಲಿ?" ಎಂದ ಚಂದ್ರ.

"ಅಲ್ಲೇ ಅದಾವ. ಬಗ್ಗಿ ನೋಡ್ರಿ."

ಧಣಿ ಬಗ್ಗಲಿಲ್ಲ. ಧಣಿಗಳು ಬಗ್ಗುವುದಿಲ್ಲ. "ಕಳ್ಳಿ!" ಎಂದು ಕೂಗಿದ. ಆ ಮಬ್ಬಿಗೆ ಕಳ್ಳಿಯ ಕಲೆ ಎಂದು ಹೆಸರಿಟ್ಟ. ಹುಲಿಗೆವ್ವನ ಸಾಲು ಹುಟ್ಟಲೇ ಇಲ್ಲ.

ಅವಳು ಕೂರಿಗೆಯನ್ನು ಅಲ್ಲೇ ಬಿಟ್ಟು ಇಳಿದು ಬಂದಳು. ಆಕಾಶದಲ್ಲಿ ಮೂರು ಚುಕ್ಕಿ ಸಾಲಾಗಿ ನಿಂತಿವೆಯಲ್ಲ, ಅದೇ ಆ ಕೂರಿಗೆ. ಆಮೇಲೆ ಅವಳು ಭೂಮಿಯಲ್ಲಿ ಜೋಳ ಬಿತ್ತಿಕೊಂಡು ಉಳಿದಳು. ಅವಳಿಗೆ ಕೂರಿಗೆ ಎಳೆದವು ಎತ್ತುಗಳು. ಗಾಳಿಯನ್ನು ಅವಳು ಕರೆಯಲಿಲ್ಲ.

ಅತ್ತ ಚಂದ್ರ ಪೂರ್ತಿ ಕರಗಿದ. ಮತ್ತೆ ತುಂಬಿದ. ಮತ್ತೆ ಸವೆಯತೊಡಗಿದ.

ಗೂಗೆ ಕತ್ತು ಹೊರಳಿಸಿತು. "ಧಣ್ಯಾರ, ಆಕಿ ಹೋಗ್ಯಾಳ. ಈಗ ಕದಿಯಾಕತ್ತವರು ಯಾರು?"

"ಬಾಯಿ ಮುಚ್ಚು!" ಎಂದು ಚಂದ್ರ ಗದರಿದ. ಅಂದಿನಿಂದ ಗೂಗೆ ಹೂಂ ಎನ್ನುವುದನ್ನು ಬಿಟ್ಟು ಬೇರೆ ಮಾತಾಡಿಲ್ಲ.

ಎಷ್ಟೋ ಕಾಲ ಹೋಯಿತು. ಭೂಮಿಯ ಮೇಲೆ ಊರುಗಳಾದವು. ಗಾಜು ಉಜ್ಜಿ ದುರ್ಬೀನು ಮಾಡುವ ಜನ ಹುಟ್ಟಿದರು. ಅವರಿಗೂ ಆ ಮಬ್ಬಿನ ಮೇಲೆ ಅನುಮಾನವೇ. ಮೋಡದ ಚೂರು ಎಂದರು ಕೆಲವರು. ಬಾಲ ಮುಚ್ಚಿಕೊಂಡು ಕೂತ ಧೂಮಕೇತು, ನಂಬಬೇಡಿ, ಎಂದರು ಇನ್ನು ಕೆಲವರು.

ಒಂದು ಮಾಳಿಗೆಯ ಮೇಲೆ ಒಬ್ಬ ಮನುಷ್ಯ ದೊಡ್ಡ ದುರ್ಬೀನನ್ನು ಅತ್ತ ತಿರುಗಿಸಿದ. ನೋಡಿದವನು ಅಲ್ಲಾಡಲಿಲ್ಲ.

"ರೀ, ಸಾರು ಆರಿ ಹೋಗುತ್ತಿದೆ," ಎಂದಳು ಅವನ ಹೆಂಡತಿ ಮೆಟ್ಟಿಲ ಬಳಿಯಿಂದ.

"ಆರಲಿ. ನೀನು ಬಾ ಇಲ್ಲಿ. ನಿನಗೂ ಕಾಣುತ್ತದೋ, ನನ್ನ ಕಣ್ಣು ಕೆಟ್ಟಿದೆಯೋ ಹೇಳು."

ಅವಳು ಗೊಣಗುತ್ತ ಬಂದು ಕಣ್ಣಿಟ್ಟಳು. ಗೊಣಗಾಟ ನಿಂತಿತು. "ಇದೇನ್ರೀ! ಯಾರೋ ಉಡಿಯಿಂದ ಕಾಳು ಚೆಲ್ಲಿದ ಹಾಗಿದೆಯಲ್ಲ! ಕಲೆ ಅಲ್ಲ ಇದು, ಅಷ್ಟೂ ಚುಕ್ಕಿ!"

ಮಾಳಿಗೆಯ ಮೇಲೆ ಗಾಳಿ ಸುಳಿಯುತ್ತಿತ್ತು. ಕೇಳಿಸಿಕೊಂಡಿತು. ಹೊಲ, ಹೊಳೆ, ಗುಡ್ಡ ದಾಟಿ, ಏದುಸಿರು ಬಿಡುತ್ತ ಹುಲಿಗೆವ್ವನ ಹೊಲಕ್ಕೆ ಬಂತು.

"ಯಕ್ಕಾ! ಸಿಕ್ತು! ಎಲ್ಲಾ ಅಲ್ಲೇ ಐತಂತ! ನೀ ಒಂದೂ ಕದ್ದಿಲ್ಲಂತ!"

ಹುಲಿಗೆವ್ವನ ಕೈ ನಿಲ್ಲಲಿಲ್ಲ. ಬೆರಳಸಂದಿಯಿಂದ ಜೋಳ ಸುರಿಯುತ್ತಲೇ ಇತ್ತು.

"ನಿನಗ ಅವತ್ತೇ ಗೊತ್ತಿತ್ತು" ಎಂದಳು.

"ಹೂಂ, ಯಕ್ಕಾ."

"ಮತ್ತ ಗಾಜು ಹೇಳೂ ತನಕ ಯಾಕ ಸುಮ್ಮನಿದ್ದಿ?"

ಗಾಳಿ ಅವಳ ಸುತ್ತ ಒಮ್ಮೆ ಸುತ್ತಿತು. ಈಗಲೂ ಸುತ್ತುತ್ತದೆ. ಬಿತ್ತನೆಯ ಹೊಲದಲ್ಲಿ ಹೆಂಗಸರ ಸೆರಗು ಹಿಡಿದು ಏನೋ ಹೇಳಹೋಗಿ ಬಿಟ್ಟುಬಿಡುತ್ತದೆ.

ಚಂದ್ರನೂ ಆ ಸುದ್ದಿ ಕೇಳಿದ. ತಪ್ಪಾಯಿತು ಅನ್ನಲಿಲ್ಲ. ತುಂಬಿ ಬಂದ ರಾತ್ರಿಗಳಲ್ಲಿ ಬೇಕೆಂದೇ ಬೆಳಕು ಸುರಿದು ಆ ಜಾಗವನ್ನು ಮುಚ್ಚಿಬಿಡುತ್ತಾನೆ.

ಅದಕ್ಕೇ, ಮಗೂ, ಹುಣ್ಣಿಮೆಯ ದಿನ ನೋಡಬೇಡ, ಧಣಿ ಮನೆಯಲ್ಲಿರುತ್ತಾನೆ. ಶಿವರಾತ್ರಿಯ ಮರುದಿನ, ಅಮಾವಾಸ್ಯೆಯ ಕತ್ತಲಲ್ಲಿ, ಪುಷ್ಯ ನಕ್ಷತ್ರ ಇರುವಲ್ಲಿ ಕತ್ತೆತ್ತಿ ನೋಡು: ಹಿಟ್ಟು ಚೆಲ್ಲಿದಂತೆ ಒಂದು ಮಬ್ಬು ಕಾಣುತ್ತದಲ್ಲ, ಅದು ಕಲೆಯಲ್ಲ, ಹುಲಿಗೆವ್ವ ಎಲ್ಲರೆದುರು ಜಾಡಿಸಿದ ಉಡಿ, ಅದರ ಬೀಜವೆಲ್ಲ ಇಂದಿಗೂ ಅಲ್ಲೇ ಇದೆ.