ಮೌಲಾಲಿ ಕುಡಿದ ನೀರು

ಬಿಜಾಪುರ ಸೀಮೆಯ ಹಿರೇಬಾವಿಯಲ್ಲಿ ಹಜರತ್ ಸೈಯದ್ ಬುರಹಾನ್ ಶಾ ಖಾದ್ರಿಯವರು ವಾಸವಾಗಿದ್ದ ಜಾಗವನ್ನು ಆಶ್ರಮವೆಂದು ಕರೆಯುವುದು ಭಕ್ತರ ಪ್ರೀತಿ. ಕಣ್ಣಿಗೆ ಕಾಣುತ್ತಿದ್ದದ್ದು ಒಂದು ತಗಡಿನ ಚಪ್ಪರ, ಒಂದು ಬೇವಿನ ಮರ, ಒಂದು ಹಳೆಯ ಬಾವಿ, ಅಷ್ಟೇ. ಪಕ್ಕದ ದರ್ಗಾದ ಕೊಳ ಬೇಸಿಗೆಯಲ್ಲಿ ಒಣಗಿ ಬಿರುಕು ಬಿಡುತ್ತಿತ್ತು. ನಮಾಜಿಗೆ ಬಂದವರು ಕೈಕಾಲು ಮುಖ ತೊಳೆಯಲು ನೀರು ಬೇಕಲ್ಲ, ಅದಕ್ಕಾಗಿ ಪೂಜ್ಯರು ತಮ್ಮ ಕೈಯಾರೆ ನೀರು ಸೇದಿ ಮಣ್ಣಿನ ಹರವಿಗಳನ್ನು ತುಂಬಿಸುತ್ತಿದ್ದರು. ಶಿಷ್ಯರು ಹಗ್ಗ ಕಸಿದುಕೊಳ್ಳಲು ಹೋದರೆ, "ಬಿಡಪಾ, ಇದs ನನ್ನ ಜಪಮಾಲಿ" ಎನ್ನುತ್ತಿದ್ದರು. ಊರವರು ಅವರನ್ನು ಹಗ್ಗದ ಮುತ್ಯಾ, ಅಂದರೆ ಹಗ್ಗದ ಅಜ್ಜ, ಎಂದೇ ಕರೆದರು.

ಮುತ್ಯಾನವರ ಮಹಿಮೆಗಳನ್ನು ಹೇಳುವವರು ಬಹಳ ಮಂದಿ ಇದ್ದಾರೆ. ಹಾವು ಕಡಿದವನು ಎದ್ದು ಕೂತನಂತೆ, ಬಂಜೆಯ ತೊಟ್ಟಿಲು ತೂಗಿತಂತೆ. ಈ ಪ್ರಸಂಗದಲ್ಲಿ ಅಂಥದ್ದೇನೂ ಇಲ್ಲ. ಇದರಲ್ಲಿ ಸತ್ತವನು ಸತ್ತೇ ಹೋದ.

ಅದೇ ಊರಿನಲ್ಲಿ ಇನಾಯತುಲ್ಲಾ ಮೋಮಿನ್ ಎಂಬ ಬಟ್ಟೆ ವ್ಯಾಪಾರಿ ಇದ್ದ. ಅಂಗಡಿ ಚಿಕ್ಕದು, ನಾಲಿಗೆ ದೊಡ್ಡದು. ಮಾತು ಬಲ್ಲವನಿಗೆ ಜಗಳವಿಲ್ಲ ಅಂತಾರೆ, ಆದರೆ ಇವನ ಮಾತು ಎಲ್ಲಿತ್ತೋ ಅಲ್ಲಿ ಜಗಳ ತಪ್ಪುತ್ತಿರಲಿಲ್ಲ. ಹಾಗೆಂದು ಅವನು ಕಪಟಿಯಲ್ಲ. ಕೇರಿಗೆ ನಳ ಬಂದಿಲ್ಲ, ಓದಿದ ಹುಡುಗರು ಪಂಕ್ಚರ್ ತಿದ್ದುತ್ತ ಕೂತಿದ್ದಾರೆ, ಕಚೇರಿಗೆ ಹೋದರೆ ಹೆಸರು ಕೇಳಿದ ಕೂಡಲೇ ಗುಮಾಸ್ತನ ಮುಖ ಆಚೆ ತಿರುಗುತ್ತದೆ. ಇದೆಲ್ಲ ಅವನ ಹೊಟ್ಟೆ ಉರಿಸುತ್ತಿತ್ತು. ದೂರದ ದೇಶಗಳಲ್ಲಿ ಧರ್ಮದ ಹೆಸರು ಹೇಳಿ ಗದ್ದುಗೆ ಏರಿದವರ ಸುದ್ದಿಯನ್ನು ರೇಡಿಯೋದಲ್ಲಿ ಕೇಳಿ ಕೇಳಿ, ಕುರ್ಚಿ ಇಲ್ಲದ ಧರ್ಮ ಎಣ್ಣೆ ಇಲ್ಲದ ದೀಪ ಎಂಬ ನಂಬಿಕೆ ಅವನಲ್ಲಿ ಗಟ್ಟಿಯಾಗಿತ್ತು. ಆದ್ದರಿಂದ ಆ ವರ್ಷ ಚುನಾವಣೆಗೆ ನಿಂತ ಜಾಗೀರದಾರ ಸಾಹೇಬರಿಗೆ ಅವನೇ ಬಲಗೈ, ಅವನೇ ಬಾಯಿ.

ಪ್ರಚಾರದ ದಿನಗಳಲ್ಲಿ ಒಮ್ಮೆ ಅವನು ಮುತ್ಯಾನವರ ಬಳಿಗೆ ಬಂದ. ಶುಕ್ರವಾರದ ನಮಾಜು ಮುಗಿದ ಮೇಲೆ ಅವರು ಒಂದು ಮಾತು ಆಡಿದರೆ ಸಾಕು, ಕೇರಿಯ ಓಟೆಲ್ಲ ಒಂದೇ ಪೆಟ್ಟಿಗೆಗೆ ಬೀಳುತ್ತವೆ ಎಂಬುದು ಅವನ ಲೆಕ್ಕ.

ಮುತ್ಯಾನವರು ಕೊಡ ಎತ್ತಿ ಹರವಿಗೆ ಸುರಿದು ಹೇಳಿದರು: "ಓಟ ಕೇಳಾಕ ಬಜಾರ ಐತಿ, ಇನಾಯತ್. ಇಲ್ಲಿ ಮಂದಿ ಸಾಯೂ ಹೊತ್ತಿನ ಮಾತು ಕೇಳಾಕ ಬರ್ತಾರ."

ಇನಾಯತನಿಗೆ ರೇಗಿತು. "ಮುತ್ಯಾ, ನೀವು ಹಿಂಗ ನೀರು ಸೇದ್ಕೋಂತ ನಿಂತ್ರ ನಮ್ಮ ಮಕ್ಕಳು ಉದ್ಧಾರ ಆಗ್ತಾರೇನ್ರಿ?"

ಪೂಜ್ಯರು ಕೊಡವನ್ನು ಮತ್ತೆ ಬಾವಿಗೆ ಇಳಿಸಿದರು. ಮುದುಕರಿಗೆ ಕಾಲ ತಿಳಿಯುವುದಿಲ್ಲ ಎಂದು ಗೊಣಗುತ್ತ ಅವನು ಹಿಂದಿರುಗಿದ. ಅಂಗಡಿಗೆ ತರಿಸಿದ್ದ ಬಿಳಿ ಬಟ್ಟೆಯ ಥಾನಿನಲ್ಲಿ ಅರ್ಧವನ್ನು ಅಗ್ಗದ ಹಸಿರು ಬಣ್ಣದಲ್ಲಿ ಅದ್ದಿ, ಹಿತ್ತಲಲ್ಲಿ ಒಣಗಿಸಿ, ಬಾವುಟ ಮಾಡಿ ಹುಡುಗರ ಕೈಗೆ ಕೊಟ್ಟ.

ಮೆರವಣಿಗೆಯ ದಿನ ಎಲ್ಲಕ್ಕಿಂತ ಉದ್ದನೆಯ ಬಾವುಟ ಹಿಡಿದವನು ಮೌಲಾಲಿ. ಗಾದಿ ಹೊಲಿಯುವ ಹುಸೇನಸಾಬ ನದಾಫನ ಒಬ್ಬನೇ ಮಗ, ಮೀಸೆ ಆಗಷ್ಟೇ ಚಿಗುರಿದ ಪ್ರಾಯ. ಬಜಾರಿನ ಮೂಲೆಯಲ್ಲಿ ಎದುರಿನ ಪಕ್ಷದ ಮೆರವಣಿಗೆಯೂ ಬಂತು. ಮೊದಲು ಘೋಷಣೆ, ಆಮೇಲೆ ಬೈಗುಳ, ಆಮೇಲೆ ಕಲ್ಲು. ಒಂದು ಕಲ್ಲು ಬಂದು ಮೌಲಾಲಿಯ ಕಪಾಳದ ಮೇಲ್ಗಡೆ ಬಿತ್ತು. ಅದು ಎದುರಿನವರು ಎಸೆದದ್ದೋ, ಹಿಂದಿನಿಂದ ಅವನ ಜೊತೆಯವರೇ ಎಸೆದದ್ದೋ, ಇಂದಿಗೂ ಯಾರಿಗೂ ಗೊತ್ತಿಲ್ಲ.

ಹುಡುಗ ರೊಟ್ಟಿ ಮಾರುವ ಶಿವಗಂಗವ್ವನ ಹೊಸ್ತಿಲ ಮುಂದೆ ಬಿದ್ದ. ಎಲ್ಲರೂ ದಿಕ್ಕಾಪಾಲಾಗಿ ಓಡಿದರು. ಇನಾಯತ್ ಮಾತ್ರ ಓಡಲಿಲ್ಲ, ಅಷ್ಟರ ಮಟ್ಟಿಗೆ ಅವನನ್ನು ಮೆಚ್ಚಬೇಕು. ಹುಡುಗನ ತಲೆಯನ್ನು ತೊಡೆಯ ಮೇಲಿಟ್ಟುಕೊಂಡ. "ಕಾಕಾ, ನೀರು" ಎಂದ ಮೌಲಾಲಿ. ಶಿವಗಂಗವ್ವ ಒಳಗಿನಿಂದ ತಂಬಿಗೆ ತಂದು, "ಕುಡಿಯೋ ನನ್ನ ಕೂಸ" ಎನ್ನುತ್ತ ಬಾಯಿಗೆ ಹನಿಸಿದಳು. ಅವನು ಗುಟುಕು ಗುಟುಕಾಗಿ ನೀರು ನುಂಗಿ, "ಬಾವುಟ ಬಿತ್ತು ಕಾಕಾ" ಎಂದ. ಅಯ್ಯೋ, ಆ ಹೊತ್ತಿನಲ್ಲೂ ಅವನಿಗೆ ಅದರದೇ ಚಿಂತೆ! ಸ್ವಲ್ಪ ಹೊತ್ತಿಗೆ ಅವನ ಕತ್ತು ವಾಲಿತು.

ಪೊಲೀಸರ ಪಂಚನಾಮೆ ಮುಗಿಯುವಷ್ಟರಲ್ಲಿ ಜಾಗೀರದಾರ ಸಾಹೇಬರ ಜೀಪು ಬಂದು ನಿಂತಿತ್ತು. ಉರಿಯುವ ಮನೆಯಲ್ಲಿ ಗಳ ಹಿರಿಯುವವರು ಎಲ್ಲ ಊರಲ್ಲೂ ಇರುತ್ತಾರೆ. ಅವರು ಇನಾಯತನನ್ನು ಪಕ್ಕಕ್ಕೆ ಕರೆದರು.

"ಜಾಗದಾಗs ಶಹೀದ ಆದ ಅಂತ ಮೈಕಿನ್ಯಾಗ ಹೇಳು. ತೊಳಿಯೂದು ಬ್ಯಾಡ. ರಕ್ತದ ಅಂಗಿ ಮ್ಯಾಲs ಬಜಾರದಾಗ ಹಾದು ಒಯ್ಯೋಣು."

"ಸಾಹೇಬ್ರ, ಹುಡುಗ ನೀರು ಕುಡದಿದ್ದ..."

"ಬಾಯಿ ಬಿಟ್ಟೀ ನೋಡು! ಅದೂ ಯಾರ ಮನಿ ನೀರು!"

ಧರ್ಮಕ್ಕಾಗಿ ಹೋರಾಡಿ ಬಿದ್ದ ಜಾಗದಲ್ಲೇ ಪ್ರಾಣ ಬಿಟ್ಟವನು ಶಹೀದ. ಅವನ ರಕ್ತವೇ ಅವನಿಗೆ ಸ್ನಾನ, ಆದ್ದರಿಂದ ಅವನನ್ನು ತೊಳೆಯದೆ ಉಟ್ಟ ಬಟ್ಟೆಯಲ್ಲೇ ಮಣ್ಣು ಮಾಡುತ್ತಾರೆ. ಆದರೆ ಪೆಟ್ಟು ಬಿದ್ದ ಮೇಲೆ ಈ ಲೋಕದ ಒಂದು ಗುಟುಕು ನೀರು ಗಂಟಲಿಗಿಳಿದರೂ ಅವನನ್ನು ಉಳಿದವರಂತೆಯೇ ತೊಳೆದು, ಬಿಳಿ ಬಟ್ಟೆ ಹೊದಿಸಬೇಕು ಎಂದು ಹಿರಿಯರು ಕಟ್ಟಳೆ ಮಾಡಿದ್ದಾರೆ. ಇದು ಇನಾಯತನಿಗೆ ಚೆನ್ನಾಗಿ ಗೊತ್ತಿತ್ತು. ಗೊತ್ತಿದ್ದೂ ಅವನು ಮೈಕು ಹಿಡಿದ. ಒಬ್ಬನ ಹೆಣ ಮಾತಾಡಿದರೆ ನೂರು ಮಕ್ಕಳ ಬಾಳು ಎದ್ದೀತು ಎಂದು ತನಗೆ ತಾನೇ ಸಮಾಧಾನ ಹೇಳಿಕೊಂಡ. ಅಂದು ಅವನ ಮಾತು ಕೇಳಿದವರ ಕಣ್ಣುಗಳು ಕೆಂಡವಾದವು. ಆಚೆ ಕೇರಿಯವರೂ ಬಡಿಗೆ ಹಿಡಿದು ತಯಾರಾದರು. ಹೆಣ ಬಜಾರು ದಾಟಿದರೆ ಇನ್ನೆಷ್ಟು ಹೆಣ ಬೀಳುತ್ತವೋ ದೇವರೇ ಬಲ್ಲ ಎಂದು ತಾಯಂದಿರು ಮಕ್ಕಳನ್ನು ಒಳಗೆಳೆದು ಬಾಗಿಲು ಹಾಕಿದರು.

ಬಿಸಿಲು ಇಳಿಯುವ ಹೊತ್ತಿಗೆ ಹೆಣದ ಮಂಚವನ್ನು ದರ್ಗಾದ ಅಂಗಳಕ್ಕೆ ತಂದರು. ಕಡೆಯ ನಮಾಜು ಮುತ್ಯಾನವರೇ ಮಾಡಿಸಬೇಕು. ಅವರು ಬಾವಿಯ ಕಟ್ಟೆಯ ಬಳಿ ನಿಂತಿದ್ದರು. ಅಂಗಳದ ತುಂಬ ಜನ. ಆಗ ಹುಸೇನಸಾಬ ಜನರನ್ನು ಸೀಳಿಕೊಂಡು ಬಂದು ಅವರ ಕಾಲ ಬಳಿ ಕುಸಿದ.

"ಮುತ್ಯಾ, ನನ್ನ ಮಗನ್ನ ತೊಳಿಬ್ಯಾಡ ಅಂತಾರ. ತೊಳದ್ರ ಅವ್ನ ಶಹೀದ ದರ್ಜಾ ಹೋಗ್ತೈತಂತ. ಅವ್ನ ಹಡದು ಅವ್ರವ್ವ ಕಣ್ಣು ಮುಚ್ಚಿದ್ಲು. ಮೊದಲ ನೀರು ನಾನs ಹಾಕೀನ್ರಿ. ಈಗ ಮಾರಿ ಮ್ಯಾಗಿನ ರಕ್ತ ಒರಸಾಕ ಹೋದ್ರ ನನ್ನ ಕೈ ಹಿಡಿತಾರ. ಕಡೀ ನೀರು ಹಾಕಿದ್ರ ನಾ ಪಾಪಿ ಆಗ್ತೀನೇನ್ರೀ?"

ಮುತ್ಯಾನವರು ಜಾಗೀರದಾರರನ್ನು ನೋಡಲಿಲ್ಲ. ಇನಾಯತನನ್ನೂ ನೋಡಲಿಲ್ಲ. ಮಂಚದ ಕಡೆ ನೋಡುತ್ತ ಮೆಲ್ಲಗೆ ಕೇಳಿದರು:

"ಅವ ನೀರು ಕುಡದಿದ್ದನೇನು?"

ಇಡೀ ಊರನ್ನು ಎಬ್ಬಿಸಿದ ಇನಾಯತನ ನಾಲಿಗೆ ಒಣಗಿ ಅಂಗುಳಕ್ಕೆ ಅಂಟಿತು. ತೊಡೆಯ ಮೇಲೆ ಆ ತಲೆಯ ಭಾರ ಇನ್ನೂ ಇತ್ತು. ಹುಡುಗ ನುಂಗುವಾಗ ಗಂಟಲು ಏರಿಳಿದದ್ದನ್ನು ಅವನು ಕಂಡಿದ್ದ. ಹೇಳಿದರೆ ತನ್ನ ಜನರ ಮುಂದೆ ತಾನೇ ಸುಳ್ಳುಗಾರ. ಹೇಳದಿದ್ದರೆ ಎದುರಿಗೆ ಕೂತ ಈ ತಂದೆ ಮಗನ ಮುಖ ತೊಳೆಯಲೂ ಆಗದೆ ಸಾಯುತ್ತಾನೆ.

"ಇಲ್ಲ, ಜಾಗದಾಗs..." ಎಂದು ಜಾಗೀರದಾರರು ಬಾಯಿ ತೆಗೆದರು.

"ಕುಡದಿದ್ದ" ಎಂದುಬಿಟ್ಟ ಇನಾಯತ್. "ಕುಡದಿದ್ದ, ಮುತ್ಯಾ. ಶಿವಗಂಗವ್ವ ಕುಡಿಸಿದ್ಲು. ನನ್ನ ತೊಡಿ ಮ್ಯಾಲ ಮಲಗಿ ಕುಡದ. ನಾ ಸುಳ್ಳು ಹೇಳೀನಿ."

ಗುಂಪಿನಲ್ಲಿ ಗದ್ದಲವೆದ್ದಿತು. ಯಾರೋ ಅವನ ಅಂಗಿ ಹಿಡಿದೆಳೆದರು, ಯಾರೋ ಥೂ ಎಂದು ಉಗುಳಿದರು. ಜಾಗೀರದಾರರು ಗುಡುಗಿದರು: "ಶಹೀದನ ದರ್ಜಾ ಕಸ್ಕೋತೀರೇನು, ಹಜರತ್?"

"ದರ್ಜಾ ಕೊಡಾಂವ ಅಲ್ಲಾ" ಎಂದರು ಮುತ್ಯಾನವರು. "ನೀರು ಕುಡದಾಂವಗ ನೀರು ಹಾಕೂದಷ್ಟ ನಮ್ಮ ಕೆಲಸ."

ಅಷ್ಟು ಹೇಳಿ ಅವರು ಹಗ್ಗ ಹಿಡಿದು ಕೊಡವನ್ನು ಬಾವಿಗೆ ಬಿಟ್ಟರು. ಆ ಗದ್ದಲದ ನಡುವೆ ಬಾವಿಯ ಗಡಗಡಿ ರಾಟೆ ಕಿರುಗುಟ್ಟುವ ಸದ್ದೊಂದು ಕೇಳಿತು. ಕೋಪದಿಂದ ಕುದಿಯುತ್ತಿದ್ದವರೂ ಆ ಮುದಿ ಕೈಗಳನ್ನು ತಡೆಯುವ ಧೈರ್ಯ ಮಾಡಲಿಲ್ಲ. ಕೊಡ ಮೇಲೆ ಬಂದಾಗ ಮುತ್ಯಾನವರು ಅದನ್ನು ಇನಾಯತನ ಕೈಗೆ ಕೊಟ್ಟರು.

ಬೋರೆ ಎಲೆ ಹಾಕಿ ನೀರು ಕಾಯಿಸಿದರು. ನಾಲ್ಕೂ ಕಡೆ ಕೌದಿ ಹಿಡಿದು ಮರೆಮಾಡಿ, ಹೊಕ್ಕುಳಿನಿಂದ ಮೊಣಕಾಲಿನವರೆಗೆ ಬಟ್ಟೆ ಹೊದಿಸಿ, ಬಲಗಡೆಯಿಂದ ಆರಂಭಿಸಿದರು. ಇನಾಯತ್ ನೀರು ಸುರಿದ, ತಂದೆ ತೊಳೆದ. ಹುಸೇನಸಾಬ ಮಗನ ಕಿವಿಯ ಹಿಂದೆ, ಕತ್ತಿನ ಸಂದಿಯಲ್ಲಿ, ಕೂಸಿಗೆ ಎರೆಯುವಂತೆ ಉಜ್ಜುತ್ತ, "ಕಣ್ಣು ಮುಚ್ಚಪಾ, ಉರೀತೈತಿ" ಎನ್ನುತ್ತಿದ್ದ. ಅದನ್ನು ಕೇಳಿ ಕೌದಿ ಹಿಡಿದವರೂ ಅತ್ತರು.

ಕೂದಲಿನ ರಕ್ತ ಹೋಯಿತು. ಕಪಾಳದ ರಕ್ತವೂ ಹೋಯಿತು. ಮುಷ್ಟಿ ಬಿಡಿಸಿ ನೋಡಿದರೆ ಎರಡೂ ಅಂಗೈ ಹಸಿರು. ಬೆವರಿಗೆ ಬಾವುಟದ ಬಣ್ಣ ಬಿಟ್ಟು ಗೆರೆಗೆರೆಯಲ್ಲೂ ಇಳಿದಿತ್ತು. ಇನಾಯತ್ ಕೊಡ ಕೆಳಗಿಟ್ಟು, ತಾನೇ ಕೂತು ಉಜ್ಜಿದ. ಸೀಗೆಪುಡಿ ಹಾಕಿ ಉಜ್ಜಿದ. ಚರ್ಮ ಸುಲಿಯಿತೇ ಹೊರತು ಬಣ್ಣ ಹೋಗಲಿಲ್ಲ.

ಮುತ್ಯಾನವರು ಅವನ ಭುಜ ಹಿಡಿದರು. "ಬಿಡು, ಇನಾಯತ್. ಅದು ಅವನ ಕೊಳಿ ಅಲ್ಲ."

ಆ ಮಾತಿಗೆ ಇನಾಯತ್ ನೆಲಕ್ಕೆ ಬಿದ್ದು ಹೊರಳಾಡಿ ಅತ್ತ. ಅವನನ್ನು ಯಾರೂ ಸಂತೈಸಲಿಲ್ಲ, ಮುತ್ಯಾನವರೂ ಸಂತೈಸಲಿಲ್ಲ. ಬಾವುಟಕ್ಕೆ ಬಳಸಿ ಉಳಿದಿದ್ದ ಬಿಳಿ ಬಟ್ಟೆಯೇ ಅಂಗಡಿಯಿಂದ ಬಂತು. ಅದರಲ್ಲೇ ಮೌಲಾಲಿಯನ್ನು ಸುತ್ತಿದರು. ಬಜಾರಿನ ದಾರಿ ಬಿಟ್ಟು, ಹೊಲದ ಬದುವಿನ ಮೇಲೆ ಮಂಚ ಹೊತ್ತು ನಡೆದರು. ಘೋಷಣೆ ಕೂಗುವವರು ಯಾರೂ ಇರಲಿಲ್ಲ. ಅಂದು ಊರಿನಲ್ಲಿ ಮತ್ತೊಂದು ಹೆಣ ಬೀಳಲಿಲ್ಲ.

ಅಲ್ಲಿಗೆ ಎಲ್ಲವೂ ಸರಿಹೋಯಿತು ಎಂದರೆ ಸುಳ್ಳಾಗುತ್ತದೆ. ಜಾಗೀರದಾರರು ಮೌಲಾಲಿಯ ಫೋಟೋವನ್ನು ಗೋಡೆಗೋಡೆಗೆ ಅಂಟಿಸಿ ಗೆದ್ದರು. ನೀರು ಯಾಕೆ ಕೊಟ್ಟೆ ಎಂದು ಶಿವಗಂಗವ್ವನ ಬಾಗಿಲಿಗೆ ಅವಳ ಜನರೇ ಕಲ್ಲು ಹೊಡೆದರು, ಅವಳು ರೊಟ್ಟಿಯ ಬುಟ್ಟಿ ಎತ್ತಿಕೊಂಡು ತವರೂರಿಗೆ ಹೋದಳು. ಮಗನ ಮುಖ ಕಂಡೀತೆಂದು ಹುಸೇನಸಾಬ ಗೋಡೆಗಳಿರುವ ಬೀದಿಯಲ್ಲಿ ನಡೆಯುವುದನ್ನೇ ಬಿಟ್ಟ. ಕೇರಿಗೆ ನಳ ಬರಲಿಲ್ಲ. ಮುತ್ಯಾನವರು ಅದೇ ಬಾವಿಯಲ್ಲಿ ನೀರು ಸೇದುತ್ತಲೇ ಇದ್ದು, ಕೆಲವು ವರ್ಷಗಳ ನಂತರ ಪರಮಾತ್ಮನ ಸನ್ನಿಧಿಗೆ ಸೇರಿದರು. ಅವರ ಪವಿತ್ರ ದೇಹಕ್ಕೆ ಕಡೆಯ ನೀರು ಹಾಕಿದವರು ಇನಾಯತುಲ್ಲಾ ಸಾಹೇಬರು.

ಹೌದು, ಊರು ಈಗ ಅವರನ್ನು ಬಹುವಚನದಲ್ಲೇ ಕರೆಯುತ್ತದೆ. ಅಂಗಡಿ ಮುಚ್ಚಿದರು, ಮೈಕು ಮತ್ತೆಂದೂ ಮುಟ್ಟಲಿಲ್ಲ. ಹೆಣ ತೊಳೆಯುವ ಕೆಲಸವನ್ನು ತಾವಾಗಿಯೇ ಬೇಡಿ ಪಡೆದರು. ಯಾವ ಪಕ್ಷದವರ ಮನೆಯಾದರೂ ಸರಿ, ಸುದ್ದಿ ಬಂದರೆ ಬಾವಿಯಿಂದ ಕೊಡ ತುಂಬಿಕೊಂಡು ನಡೆದುಬಿಡುತ್ತಿದ್ದರು. ಜಾಗೀರದಾರ ಸಾಹೇಬರು ತೀರಿಕೊಂಡಾಗಲೂ ಹೋದರು. ಹೂವಿನ ಹಾರಗಳನ್ನು ಸರಿಸಿ, ಕೊಡ ಹಿಡಿದ ಒಬ್ಬ ಹುಡುಗನನ್ನು ಬಿಟ್ಟು ಎಲ್ಲರನ್ನೂ ಹೊರಗೆ ಕಳಿಸಿ, ನೀರು ಮುಟ್ಟುವ ಮೊದಲು ಎಂದಿನಂತೆ ಆ ತಣ್ಣನೆಯ ಮುಷ್ಟಿಗಳನ್ನು ಬಿಡಿಸಿ ಅಂಗೈಗಳನ್ನು ಬಹಳ ಹೊತ್ತು ನೋಡಿದರಂತೆ. ಎರಡೂ ಬೆಳ್ಳಗೆ, ಶುಭ್ರವಾಗಿದ್ದವು. ಇನಾಯತುಲ್ಲಾ ಸಾಹೇಬರು ಬಾವುಟಕ್ಕೆ ಬಣ್ಣ ಅದ್ದಿದ್ದ ತಮ್ಮ ಕೈಗಳನ್ನು ಅವುಗಳ ಪಕ್ಕದಲ್ಲಿ ಚಾಚಿ, ಅವೂ ಅಷ್ಟೇ ಶುಭ್ರವಾಗಿರುವುದನ್ನು ಕಂಡು ಅತ್ತು, ಆಮೇಲೆ ಬಲಗಡೆಯಿಂದ ನೀರು ಸುರಿಯತೊಡಗಿದರು.