ಏಳದ ಕೈಯ ಜೀರಿಗೆ ಬೆಲ್ಲ

ಮದುವೆಗೆ ನಾಲ್ಕೇ ದಿನ ಇರುವಾಗ ಭಾರ್ಗವಿ ಬಲಗೈಯನ್ನು ಬಟ್ಟೆಯಲ್ಲಿ ಕಟ್ಟಿ ಕೊರಳಿಗೆ ತೂಗುಹಾಕಿಕೊಂಡು ಹೊಳೆದಂಡೆಯ ಆಶ್ರಮಕ್ಕೆ ಬಂದಳು.

ಏಳು ವರ್ಷ ಅವಳಿಗೆ ಪಾಠ ಹೇಳಿದ ಗುರು ಅಲ್ಲಿದ್ದರು. ಅವರ ಹೆಸರು ಯಾರಿಗೂ ನೆನಪಿರಲಿಲ್ಲ; ಎಲ್ಲರೂ ತಾಯಿ ಎನ್ನುತ್ತಿದ್ದರು. ಎಪ್ಪತ್ತು ದಾಟಿದ್ದರೂ ಗಳುವಿನಂತೆ ಉದ್ದಕ್ಕೆ, ನೆಟ್ಟಗಿದ್ದರು. ಜಗಲಿಯಲ್ಲಿ ಕೂತು ನೆನೆಸಿದ ಅವರೆಕಾಳು ಹಿತುಕುತ್ತಿದ್ದರು.

"ಯಾರು ಹೊಡೆದರು?" ಎಂದರು ತಾಯಿ.

"ಕಂಬ."

"ಕಂಬಕ್ಕೆ ನಿನ್ನ ಮೇಲೇನು ಸಿಟ್ಟು?"

ಭಾರ್ಗವಿ ಹೇಳಿದಳು. ಗಂಡಿನ ಮನೆಯ ಗಂಡಸರೆಲ್ಲ ಆರಡಿ ಆಳುಗಳು. ಅಂತರಪಟ ಸರಿದೊಡನೆ ಗಂಡೂ ಹೆಣ್ಣೂ ಒಬ್ಬರ ತಲೆಯ ಮೇಲೊಬ್ಬರು ಜೀರಿಗೆ ಬೆಲ್ಲ ಇಡಬೇಕಲ್ಲ, ಯಾರ ಕೈ ಮೊದಲೋ ಮನೆಯಲ್ಲಿ ಅವರದೇ ಮಾತು ಅನ್ನುತ್ತಾರೆ. ನಿಶ್ಚಿತಾರ್ಥದ ದಿನ ಗಂಡಿನ ಸೋದರತ್ತೆ ಪಂಕ್ತಿಯಲ್ಲಿ ಕೂತು ಎಲ್ಲರಿಗೂ ಕೇಳುವ ಹಾಗೆ ಹೇಳಿದ್ದಳು: "ನಮ್ಮ ಮನೆಗೆ ಬಂದ ಯಾವ ಸೊಸೆಯ ಕೈಯೂ ಇಲ್ಲಿಯವರೆಗೆ ಮೊದಲಾಗಿಲ್ಲ."

ಅವತ್ತಿನ ಹೋಳಿಗೆಯನ್ನು ಭಾರ್ಗವಿ ಎಲೆಯಲ್ಲೇ ಬಿಟ್ಟು ಎದ್ದಳು. ಮನೆಗೆ ಬಂದವಳೇ ಹಜಾರದ ಕಂಬಕ್ಕೆ ಗಂಡಿನ ಎತ್ತರದಲ್ಲಿ ಕುಂಕುಮದ ಬೊಟ್ಟಿಟ್ಟಳು. ದಿನಾ ಹಾರಿ ಹಾರಿ ಅದನ್ನು ಮುಟ್ಟುವುದೇ ಅಭ್ಯಾಸ. ನಿನ್ನೆ ಮಣೆಯ ಮೇಲೆ ನಿಂತು ಹಾರಿದಳು. ಮಣೆ ಜಾರಿತು.

"ಬೊಟ್ಟು ಸಿಕ್ಕಿತೇ?"

"ಸಿಕ್ಕಿತು. ಆಮೇಲೆ ಬಿದ್ದೆ."

"ಅಷ್ಟಾದರೂ ಆಯಿತಲ್ಲ."

"ನಗಬೇಡಿ ತಾಯಿ. ಭುಜ ಉಳುಕಿದೆ. ಹದಿನೈದು ದಿನ ಕೈ ಎದೆಯಿಂದ ಮೇಲಕ್ಕೆ ಏಳುವುದಿಲ್ಲವಂತೆ. ಎಡಗೈಯಲ್ಲಿ ಇಡುವ ಹಾಗಿಲ್ಲ. ಗಂಡಿನ ಕಡೆಯವರಿಗೆ ಗೊತ್ತಾದರೆ ಅಪಶಕುನ ಅಂತ ಮದುವೆಯನ್ನೇ ಮುಂದಕ್ಕೆ ಹಾಕುತ್ತಾರೆ, ಬಾಯಿ ಬಿಡಬೇಡ ಅಂದಿದ್ದಾಳೆ ದೊಡ್ಡಮ್ಮ. ಮುಹೂರ್ತದಲ್ಲಿ ಅವಳೇ ಹಿಂದೆ ನಿಂತು ನನ್ನ ಮೊಣಕೈ ಮೇಲೆತ್ತುತ್ತಾಳಂತೆ."

"ನೋಯುವುದಿಲ್ಲವೇ?"

"ಕಿರುಚಿಕೊಂಡರೂ ಓಲಗದಲ್ಲಿ ಕೇಳಿಸುವುದಿಲ್ಲ ಅಂತಾಳೆ."

ಲೋಕದ ಯಾವ ಮೂಲೆಗೆ ಹೋದರೂ ಮದುವೆಮನೆಯಲ್ಲಿ ಇಂಥ ದೊಡ್ಡಮ್ಮ ಒಬ್ಬಳು ಇದ್ದೇ ಇರುತ್ತಾಳೆ. ಭಾಷೆ ಬೇರೆ, ಉಪಾಯ ಅದೇ.

ತಾಯಿ ಕೈ ತೊಳೆದುಕೊಂಡು ಎದ್ದು ನಿಂತರು.

"ಹೊಳೆ ಗಾಳಿ ಎದ್ದಿದೆ. ಆ ಶಾಲು ತಂದು ಹೊದಿಸು."

ಭಾರ್ಗವಿ ಎಡಗೈಯಲ್ಲಿ ಶಾಲು ತಂದಳು. ತುದಿಗಾಲಲ್ಲಿ ನಿಂತು ಹೊದಿಸಲು ಹೋದಳು. ಶಾಲು ಜಾರಿ ನೆಲಕ್ಕೆ ಬಿತ್ತು. ಎತ್ತಿಕೊಂಡು ಮತ್ತೆ ಹೊದಿಸಿದಳು. ಮತ್ತೆ ಬಿತ್ತು. ಮೂರನೆಯ ಸಲ ಅವಸರದಲ್ಲಿ ಬಲಗೈಯನ್ನೂ ಎತ್ತಿದಳು. ಭುಜದಲ್ಲಿ ಬೆಂಕಿ ಎದ್ದಂತಾಗಿ ಕಣ್ಣಲ್ಲಿ ನೀರು ಬಂತು.

ತಾಯಿ ನಿಂತೇ ಇದ್ದರು.

"ನೀವು ಸ್ವಲ್ಪ ಬಗ್ಗಬಾರದಿತ್ತೇ?"

"ನೀನು ಹೇಳಲಿಲ್ಲವಲ್ಲ."

"ಕೈ ಏಳುವುದಿಲ್ಲ ಅಂತ ಆಗಲೇ ಹೇಳಿದೆನಲ್ಲ!"

"ನೋವು ಹೇಳಿದೆ. ಬೇಕಾದ್ದನ್ನು ಹೇಳಲಿಲ್ಲ."

ಭಾರ್ಗವಿ ಶಾಲನ್ನು ಮುದ್ದೆ ಮಾಡಿ ಜಗಲಿಯ ಮೇಲೆ ಎಸೆದಳು. "ಕೇಳಿದರೆ ಸೋತ ಹಾಗಲ್ಲವೇ?"

"ನೀನು ಹೋಗುತ್ತಿರುವುದು ಹಸೆಮಣೆಗೋ, ಗರಡಿಮನೆಗೋ?"

ಅವಳು ಎಸೆದ ಶಾಲನ್ನು ಎತ್ತಿಕೊಂಡಳು. ಸಣ್ಣ ದನಿಯಲ್ಲಿ ಕೇಳಿದಳು:

"ಅಷ್ಟು ಜನರ ಎದುರು ಕೇಳಿಯೂ ಅವರು ಬಗ್ಗದಿದ್ದರೆ?"

"ಜೀರಿಗೆ ಬೆಲ್ಲ ತಾಳಿಗಿಂತ ಮೊದಲು ತಾನೇ?"

"ಹೌದು."

"ಹಿರಿಯರು ಯೋಚಿಸಿಯೇ ಇಟ್ಟಿದ್ದಾರೆ," ಎಂದು ತಾಯಿ ಅವರೆಕಾಳಿನ ಮುಂದೆ ಮತ್ತೆ ಕೂತರು.

ಮದುವೆಯ ದಿನ ಬಂತು. ಹಸೆಯ ಮೇಲೆ ಅಂತರಪಟ ಹಿಡಿದಿದ್ದರು. ಈಚೆ ಭಾರ್ಗವಿ; ಕೈಯ ಕಟ್ಟನ್ನು ಸೆರಗಿನೊಳಗೆ ಬಚ್ಚಿಟ್ಟಿದ್ದಳು. ಬೆನ್ನಿಗೆ ಅಂಟಿಕೊಂಡು ದೊಡ್ಡಮ್ಮ. ಅವಳ ಹಸ್ತ ಆಗಲೇ ಮೊಣಕೈಯ ಕೆಳಗಿತ್ತು. ಪಟದ ಆಚೆ ಮದುಮಗ ಪದ್ಮನಾಭ. ಪಟ ಹಿಡಿದವರು ಎಷ್ಟು ಎತ್ತಿದರೂ ಅವನ ಪೇಟ ಕಾಣುತ್ತಲೇ ಇತ್ತು.

"ಪದ್ದೂ, ನೆಟ್ಟಗೆ ನಿಲ್ಲೋ!" ಸೋದರತ್ತೆ ಕೂಗಿದಳು.

ಪಟ ಸರಿಯಿತು. ಓಲಗ ಒಮ್ಮೆಲೇ ಜೋರಾಯಿತು. ಪದ್ಮನಾಭನ ಕೈ ಆಗಲೇ ಭಾರ್ಗವಿಯ ತಲೆಯ ಮೇಲೆ ಒಂದು ಗೇಣು ದೂರದಲ್ಲಿತ್ತು.

ದೊಡ್ಡಮ್ಮ ಮೊಣಕೈಯನ್ನು ಮೇಲಕ್ಕೆ ನೂಕಿದಳು.

"ಬಿಡು ದೊಡ್ಡಮ್ಮ!"

ಭಾರ್ಗವಿ ಅಂದದ್ದು ಎಷ್ಟು ಜೋರಾಗಿತ್ತೆಂದರೆ ಓಲಗದವರು ಊದುವುದನ್ನು ನಿಲ್ಲಿಸಿದರು. ಪುರೋಹಿತರ ಮಂತ್ರ ಅರ್ಧಕ್ಕೆ ನಿಂತಿತು. ಅವಳು ಸೆರಗು ಸರಿಸಿ ಕಟ್ಟಿದ ಕೈ ತೋರಿಸಿದಳು.

"ಬಿದ್ದು ಭುಜ ಉಳುಕಿದೆ. ನನ್ನ ಕೈ ಮೇಲೆ ಏಳುವುದಿಲ್ಲ. ನೀವು ಬಗ್ಗಬೇಕು."

"ಏನಂತೆ?" ಸೋದರತ್ತೆಯ ದನಿ ಸೀಳಿಕೊಂಡು ಬಂತು. "ಬಗ್ಗಬೇಕಂತೆಯೇ? ಹಸೆಯ ಮೇಲೆ ಗಂಡು ಬಗ್ಗುವುದು ಎಲ್ಲಾದರೂ ಉಂಟೇ? ಇಡೋ ಪದ್ದೂ, ಇಟ್ಟುಬಿಡು!"

ಇಡಬಹುದಿತ್ತು. ಒಂದೇ ಗೇಣು.

ಭಾರ್ಗವಿ ಅವನ ಮುಖವನ್ನೇ ನೋಡುತ್ತಿದ್ದಳು. ಮದುವೆಯೋ ಅಲ್ಲವೋ ಎಂಬುದು ಆ ಒಂದು ಗೇಣಿನಲ್ಲಿತ್ತು.

ಪದ್ಮನಾಭ ಕೈ ಕೆಳಗಿಳಿಸಿದ.

"ಎಷ್ಟು ಬಗ್ಗಬೇಕು?" ಎಂದು ಕೇಳಿದ.

"ನನ್ನ ಎದೆಮಟ್ಟಕ್ಕೆ."

ಅವನು ಪಂಚೆ ಸರಿಮಾಡಿಕೊಂಡು ಹಸೆಯ ಮೇಲೆ ಮಂಡಿಯೂರಿದ. ಪೇಟ ತೆಗೆದು ಪಕ್ಕದಲ್ಲಿಟ್ಟ. ತಲೆ ಬಗ್ಗಿಸಿದ.

ಭಾರ್ಗವಿ ಕಟ್ಟಿನಿಂದ ಕೈ ಬಿಡಿಸಿ, ಏಳುವಷ್ಟೇ ಎತ್ತಿ, ಜೀರಿಗೆ ಬೆಲ್ಲವನ್ನು ಅವನ ನೆತ್ತಿಯ ಮೇಲಿಟ್ಟಳು. ಅವಸರವೇ ಇರಲಿಲ್ಲ. ಚೆನ್ನಾಗಿ ಒತ್ತಿ ಇಟ್ಟಳು.

ಆಮೇಲೆ ಅವನು ಕೂತಲ್ಲಿಂದಲೇ ಕೈ ಚಾಚಿ ಅವಳ ತಲೆಯ ಮೇಲಿಟ್ಟ. ಆ ಮನೆತನದ ಗಂಡೊಬ್ಬ ಹೆಂಡತಿಯಾಗುವವಳ ಮುಖವನ್ನು ಕತ್ತೆತ್ತಿ ನೋಡಿದ್ದು ಅದೇ ಮೊದಲು.

ಸೋದರತ್ತೆಯ ಹಿಂದೆ ಒಬ್ಬ ಗಿಡ್ಡ ಹೆಂಗಸು ನಿಂತಿದ್ದಳು. ಅವಳು ಗಂಡಿನ ಅಮ್ಮ. ಬೆಳಗಿನಿಂದ ಅವಳ ಬಾಯಿಂದ ಒಂದು ಮಾತೂ ಬಂದಿರಲಿಲ್ಲ. ಮೊದಲ ಹಿಡಿ ಅಕ್ಷತೆ ಎಸೆದವಳು ಅವಳು. ಎಷ್ಟು ಬೀಸಿ ಎಸೆದಳೆಂದರೆ ಅರ್ಧ ಸೋದರತ್ತೆಯ ತುರುಬಿಗೆ ಬಿತ್ತು.

"ಊದ್ರಪ್ಪಾ, ಊದಿ! ಯಾಕೆ ನಿಂತಿರಿ?" ಎಂದು ಓಲಗದವರನ್ನು ಗದರಿಸಿದವಳೂ ಅವಳೇ.

ಓಲಗ ಮೊಳಗಿತು. ಹೆಂಗಸರ ಸಾಲಿನಿಂದ ಎದ್ದ ಕೇಕೆಗೆ ಚಪ್ಪರದ ಮೇಲಿನ ಕಾಗೆಗಳು ಹಾರಿಹೋದವು. ದೊಡ್ಡಮ್ಮ ಕಣ್ಣೊರೆಸಿಕೊಳ್ಳುತ್ತ, ಇದೆಲ್ಲ ತಾನೇ ಹೇಳಿಕೊಟ್ಟದ್ದು ಎಂದು ಪಕ್ಕದವರಿಗೆ ಹೇಳುತ್ತಿದ್ದಳು.

ತಾಳಿ ಕಟ್ಟಿದ್ದಾಯಿತು. ಹೊಸ ಗಂಡ ಹೆಂಡತಿ ಹಿರಿಯರಿಗೆಲ್ಲ ನಮಸ್ಕಾರ ಮಾಡುತ್ತ ಕೊನೆಯ ಸಾಲಿನಲ್ಲಿ ಕೂತಿದ್ದ ತಾಯಿಯ ಹತ್ತಿರ ಬಂದರು.

ಭಾರ್ಗವಿಯ ಮುಖ ಹೊಳೆಯುತ್ತಿತ್ತು.

"ನೋಡಿದಿರಾ ತಾಯಿ? ನನ್ನ ಕೈಯೇ ಮೊದಲು!"

"ನೋಡಿದೆ ಮಗು," ಎಂದರು ತಾಯಿ. "ಕೈ ವಾಸಿಯಾದ ಮೇಲೂ ಹೀಗೇ ಬಾಯಿಬಿಟ್ಟು ಕೇಳು."