ದಾಕ್ಷಾಯಣಮ್ಮ ನಗಲಿಲ್ಲ

ಹೊಳೆದಂಡೆಯ ಮರಳಿನ ಮೇಲೆ ಒಂದು ಚಟ್ಟ. ಚಟ್ಟದ ಮೇಲೆ ದಾಕ್ಷಾಯಣಮ್ಮ ಸತ್ತು ಮಲಗಿದ್ದರು. ಮೂಗಿಗೆ ಹತ್ತಿ, ಹಣೆಗೆ ಒಂದು ರೂಪಾಯಿ, ಕೊರಳ ತುಂಬ ಚೆಂಡುಹೂವಿನ ಹಾರ.

“ಕಟ್! ಓಕೆ!” ಎಂದರು ನಿರ್ದೇಶಕರು.

ಒಂದೇ ಟೇಕಿಗೆ ಮುಗಿದಿತ್ತು. ಎಪ್ಪತ್ತು ದಾಟಿದ ಆ ನಟಿಗೆ ಸಾಯುವುದು ನೀರು ಕುಡಿದಷ್ಟು ಸಲೀಸು.

ಆ ದಿನದ ಚಿತ್ರೀಕರಣದ ಭಾರವೆಲ್ಲ ಶಾಂಭವಿಯ ತಲೆಯ ಮೇಲಿತ್ತು. ಊಟ, ಗಾಡಿ, ಹರಿಗೋಲು, ಪರವಾನಗಿ, ಜನ, ಎಲ್ಲವೂ. ಅವಳಿಗೆ ಕೆಲಸ ಕಲಿಸಿದ ಮರಿಬಸಪ್ಪನವರು ನಲವತ್ತು ವರ್ಷ ಪ್ರೊಡಕ್ಷನ್ ಮ್ಯಾನೇಜರ್ ಆಗಿ ದುಡಿದವರು. ಇವತ್ತು ಎಲ್ಲವನ್ನೂ ಅವಳಿಗೇ ಬಿಟ್ಟು ಹೊಂಗೆಮರದ ಕೆಳಗೆ ಕುರ್ಚಿ ಹಾಕಿಕೊಂಡು ಸುಮ್ಮನೆ ಕೂತಿದ್ದರು. ಯೂನಿಟ್ಟಿನವರೆಲ್ಲ ತಮಾಷೆಗೆ ಅವರನ್ನು ಗುರುಗಳು ಎನ್ನುತ್ತಿದ್ದರು. ಶಾಂಭವಿ ಮಾತ್ರ ತಮಾಷೆಗೆ ಅನ್ನುತ್ತಿರಲಿಲ್ಲ.

“ಇವತ್ತಿನ ಕೆಲಸ ಇವತ್ತೇ ಮುಗಿಸು, ಮುಂದಿನ ಚಿತ್ರಕ್ಕೆ ನೀನೇ ಮ್ಯಾನೇಜರ್” ಎಂದು ನಿರ್ಮಾಪಕರು ಅವಳಿಗೆ ಮಾತು ಕೊಟ್ಟಿದ್ದರು.

ಉಳಿದದ್ದು ಒಂದೇ ಶಾಟ್. ಆಚೆ ದಡದಲ್ಲಿ, ಮುಳುಗುವ ಸೂರ್ಯನ ಎದುರು ನಾಯಕಿ ಒಬ್ಬಳೇ ನಿಲ್ಲಬೇಕು. ನಾಯಕಿ ನಾಳೆ ಸಿಗುವುದಿಲ್ಲ. ಸೂರ್ಯನೋ, ಯಾರ ಮಾತೂ ಕೇಳುವವನಲ್ಲ.

ಶಾಂಭವಿ ಕ್ಯಾಮೆರಾವನ್ನೂ ನಿರ್ದೇಶಕರನ್ನೂ ಹರಿಗೋಲಿಗೆ ಹತ್ತಿಸಿ ಕಳಿಸಿದಳು. ತಾನೂ ಹೊರಡುವ ಮೊದಲು ಹೇಳಿಹೋಗೋಣವೆಂದು ಹೊಂಗೆಮರದ ಕೆಳಗೆ ಬಂದಳು.

“ದಾಕ್ಷಾಯಣಮ್ಮ ನಕ್ಕರಾ?” ಎಂದು ಕೇಳಿದರು ಮರಿಬಸಪ್ಪನವರು.

ಶಾಂಭವಿ ಹಣೆ ಚಚ್ಚಿಕೊಂಡಳು.

ಸಿನಿಮಾದವರಲ್ಲಿ ಒಂದು ಪದ್ಧತಿ ಉಂಟು. ಹೆಣವಾಗಿ ನಟಿಸಿದವರು ಏಳುವ ಮೊದಲು ಕಣ್ಣು ಬಿಟ್ಟು, ಅದೇ ಕ್ಯಾಮೆರಾದ ಎದುರು ಒಮ್ಮೆ ನಗಬೇಕು. ಹಾಗೆ ನಕ್ಕ ಮೇಲೆಯೇ ಸಾವಿನ ದೃಷ್ಟಿ ಕಳೆಯುತ್ತದೆ ಎಂದು ನಂಬಿಕೆ. ಶಾಂಭವಿ ಅವಸರದಲ್ಲಿ ಅದನ್ನು ಮರೆತಿದ್ದಳು.

ದಾಕ್ಷಾಯಣಮ್ಮ ದೂರದಲ್ಲಿ ಒಂದು ಬಂಡೆಯ ಮೇಲೆ ಕೂತಿದ್ದರು. ಹಾರ ಇನ್ನೂ ಕೊರಳಲ್ಲೇ ಇತ್ತು. ಯಾರೋ ಕೊಟ್ಟ ಕಾಫಿ ಕೈಯಲ್ಲೇ ಆರಿತ್ತು.

ಶಾಂಭವಿ ಓಡಿದಳು. “ಅಮ್ಮಾ, ನನ್ನ ಮೊಬೈಲಲ್ಲೇ ತೆಗೆದುಬಿಡ್ತೀನಿ. ಒಂದು ಸಲ ನಕ್ಕುಬಿಡಿ.”

“ನಾನು ಸತ್ತಿದ್ದನ್ನ ನೋಡಿದ್ದು ಅದು, ಮಗಳೇ.” ಅವರು ಆಚೆ ದಡ ಸೇರಿದ್ದ ಕ್ಯಾಮೆರಾದ ಕಡೆ ಕೈ ತೋರಿಸಿದರು. “ಇರ್ಲಿ ಬಿಡು, ನಿನ್ನ ಕೆಲಸ ನೋಡ್ಕೋ. ವಯಸ್ಸಂತೂ ಆಗಿದೆ.”

ಹಾಗೆಂದರೂ ಅವರ ಕಣ್ಣು ಆ ಕ್ಯಾಮೆರಾ ಬಿಟ್ಟು ಕದಲಲಿಲ್ಲ.

ಶಾಂಭವಿ ಗುರುವಿನ ಹತ್ತಿರ ವಾಪಸ್ ಬಂದಳು.

“ಕ್ಯಾಮೆರಾ ತಿರುಗಿ ತರಿಸಿದ್ರೆ ಸೂರ್ಯ ಹೋಗ್ತಾನೆ, ಗುರುಗಳೇ.”

“ಹೋಗ್ತಾನೆ.”

“ನನ್ನ ಮ್ಯಾನೇಜರ್ ಕೆಲಸಾನೂ ಹೋಗುತ್ತೆ.”

“ಹೋಗಬಹುದು.”

“ಇದೆಲ್ಲ ನಿಜಾನಾ? ನೀವು ನಂಬ್ತೀರಾ?”

“ನನ್ನನ್ಯಾಕೆ ಕೇಳ್ತೀಯ? ನಾನು ಯಾವತ್ತು ಅಲ್ಲಿ ಮಲಗಿದ್ದೆ?”

ಹಾಗೆಂದವರು ಎದ್ದರು. ಚಪ್ಪಲಿ ಬಿಟ್ಟು ಚಟ್ಟದ ಬಳಿಗೆ ಹೋದರು. ಅದರ ಮೇಲೆ ಅಂಗಾತ ಮಲಗಿ ಕಣ್ಣು ಮುಚ್ಚಿಕೊಂಡರು.

“ಗುರುಗಳೇ! ಏನಿದು? ಏಳಿ ಮೇಲೆ!”

“ನೀನು ಹೋಗಮ್ಮ. ಬೆಳಕು ಹೋಗ್ತಾ ಇದೆ.”

ಶಾಂಭವಿ ಇನ್ನೊಂದು ಹರಿಗೋಲಿನ ಕಡೆ ನಡೆದಳು. ಸ್ವಲ್ಪ ದೂರ ಹೋಗಿ ತಿರುಗಿ ನೋಡಿದಳು. ಲೈಟಿನವರು ವೈರು ಸುತ್ತುತ್ತಿದ್ದರು. ಅಡುಗೆಯವರು ಪಾತ್ರೆ ಎತ್ತಿಡುತ್ತಿದ್ದರು. ಅವರವರ ಕೆಲಸ ಅವರವರಿಗೆ. ನಡುವೆ ಚಟ್ಟದ ಮೇಲೆ ಆ ಮನುಷ್ಯ ಅಲುಗಾಡದೆ ಬಿದ್ದಿದ್ದರು. ಬೆಳಗ್ಗೆ ಅವಳು ತಿಂಡಿ ತಿಂದಿಲ್ಲವೆಂದು ತಮ್ಮ ತಟ್ಟೆಯ ಇಡ್ಲಿಯನ್ನೇ ಅವಳಿಗೆ ಕೊಟ್ಟವರು.

ಅವಳ ಕಾಲು ಮುಂದೆ ಹೋಗಲಿಲ್ಲ. ಅಳು ಬಂತು, ಅತ್ತಳು.

ಆಮೇಲೆ ಬಾಯಿಗೆ ಎರಡೂ ಕೈ ಅಡ್ಡ ಹಿಡಿದು ಹೊಳೆಯಾಚೆಗೆ ಕೇಳುವಂತೆ ಕೂಗಿದಳು.

“ಕ್ಯಾಮೆರಾ ವಾಪಸ್ ತನ್ನಿ!”

ಆಚೆಯಿಂದ ಬೈಗುಳ ಬಂತು. ಅವಳು ಮತ್ತೆ ಕೂಗಿದಳು. ಹರಿಗೋಲು ಈ ಕಡೆಗೆ ತಿರುಗಿತು.

ಕ್ಯಾಮೆರಾ ಬಂತು. ಅದರ ಹಿಂದೆಯೇ ಸಿಡಿಮಿಡಿಗುಟ್ಟುತ್ತ ನಿರ್ದೇಶಕರೂ ಬಂದರು. ದಾಕ್ಷಾಯಣಮ್ಮ ಚಟ್ಟದ ಹತ್ತಿರ ಬಂದವರು ಮರಿಬಸಪ್ಪನವರನ್ನು ನೋಡಿ ಗಾಬರಿಯಾದರು.

“ಅಯ್ಯೋ ದೇವರೇ, ನಿಮಗೇನು ಬಂತು ಧಾಡಿ? ಮಲಗಿಬಿಟ್ರಲ್ಲ, ಇನ್ನು ನೀವೂ ನಗಲೇಬೇಕು!”

ಕ್ಯಾಮೆರಾ ಎತ್ತ ತಿರುಗಿದರೂ ಪಕ್ಕಕ್ಕೆ ಸರಿಯುತ್ತಲೇ ನಲವತ್ತು ವರ್ಷ ಕಳೆದ ಮನುಷ್ಯ ಅವರು. ಎದ್ದು ತಪ್ಪಿಸಿಕೊಳ್ಳಲು ನೋಡಿದರು. ದಾಕ್ಷಾಯಣಮ್ಮ ಬಿಡಬೇಕಲ್ಲ! ತಾವು ಚಟ್ಟದ ಮೇಲೆ ಮಲಗಿ, ಅವರ ಕೈ ಹಿಡಿದು ಪಕ್ಕದ ಮರಳಲ್ಲಿ ಕೂರಿಸಿಕೊಂಡರು.

ಕ್ಯಾಮೆರಾ ಓಡಿತು.

ದಾಕ್ಷಾಯಣಮ್ಮ ಕಣ್ಣು ಬಿಟ್ಟರು. ಮೊದಲು ಮೆಲ್ಲಗೆ ನಕ್ಕರು. ಆಮೇಲೆ ಬಾಯಿ ತುಂಬ, ಹೊಟ್ಟೆ ಹಿಡಿದುಕೊಂಡು ನಕ್ಕರು. ಮರಿಬಸಪ್ಪನವರಿಗೂ ತಡೆಯಲಾಗಲಿಲ್ಲ. ಲೈಟಿನವರು ನಕ್ಕರು, ಅಡುಗೆಯವರು ನಕ್ಕರು, ಹರಿಗೋಲಿನವನು ನಕ್ಕ, ಕೊನೆಗೆ ನಿರ್ದೇಶಕರೂ ನಕ್ಕರು.

ಸತ್ತಿದ್ದವರು ಎದ್ದು ಕೂತು ಹಾರ ತೆಗೆದು ಪಕ್ಕಕ್ಕಿಟ್ಟರು. “ಯಾರಾದ್ರೂ ಒಂದು ಲೋಟ ಬಿಸಿ ಕಾಫಿ ಕೊಡ್ರಪ್ಪ” ಎಂದರು.

ಶಾಂಭವಿ ಎಷ್ಟೋ ಶೂಟಿಂಗ್ ನೋಡಿದ್ದಳು, ಹೀಗೊಂದು ಹೊತ್ತು ನೋಡಿರಲಿಲ್ಲ. ತನಗೆ ತಿಳಿಯದೆಯೇ ಕೈ ಮುಗಿದು ನಿಂತಿದ್ದಳು.

ಸೂರ್ಯ ಮುಳುಗಿದ. ನಾಯಕಿ ಆಚೆ ದಡದಿಂದಲೇ ಕಾರು ಹತ್ತಿ ಹೊರಟುಹೋದಳು.

ಶಾಂಭವಿಯ ಫೋನು ಬಡಿದುಕೊಳ್ಳತೊಡಗಿತು. ನಿರ್ಮಾಪಕರು.

“ಗುರುಗಳೇ, ಇವತ್ತು ಏನು ಕೆಲಸ ಆಯ್ತು ಅಂತ ಕೇಳ್ತಾರೆ. ಏನು ಹೇಳ್ಲಿ?”

ಮರಿಬಸಪ್ಪನವರು ಪಂಚೆಗೆ ಅಂಟಿದ್ದ ಮರಳು ಕೊಡವಿಕೊಂಡರು.

“ಬೆಳಗ್ಗೆ ಕೆಲಸಕ್ಕೆ ಬಂದ ಜೀವಗಳೆಲ್ಲ ಸಂಜೆ ಮನೆಗೆ ಹೊರಟವು ಅಂತ ಹೇಳಮ್ಮ.”